ಇಂಗುಕಣಿವೆಯಲ್ಲಿ ಪಾಪು ಅತ್ತರೆ

(ಊರಿನ ಓದುಗರ ಬಳಗದಲ್ಲಿ ಆಡಿದ ಮಾತುಗಳ ಬರಹ ರೂಪ. ಮಾತಾಡುವಾಗ ಅಲ್ಲಲ್ಲಿ ದಾರಿ ತಪ್ಪಿದ್ದೇನೆ. ಅದನ್ನು ಹಾಗೇ ಬಿಟ್ಟಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ನನ್ನ ಕತೆಗಾಗಿ ನಾನು ಕಟ್ಟುತ್ತಿರುವ ಜಾಗದ ಹೆಸರು ಇಂಗುಕಣಿವೆ. ಹೆಸರು ಕೇಳಿದ ಕೂಡಲೇ ನನ್ನ ಹೆಂಡತಿ, 'ಅಲ್ಲಿ ಒಗ್ಗರಣೆ ಘಮ ಘಮ ಅನ್ನುತ್ತಾ?' ಎಂದು ಕೇಳಿದಳು. ಆ ಇಂಗಲ್ಲ. ನೀರು ಇಂಗುತ್ತದಲ್ಲ, ಆ ಇಂಗು. ತೋಟ ಇರುವವರಿಗೆ ಇಂಗುಗುಂಡಿ ಗೊತ್ತು. ಮಳೆ ನೀರು ಓಡಿಹೋಗದ ಹಾಗೆ ತೋಡಿದ ಗುಂಡಿ. ರಾತ್ರಿ ತುಂಬಿರುತ್ತದೆ, ಬಿಸಿಲು ಏರುವಾಗ ಖಾಲಿ. ನನ್ನ ಕಣಿವೆಯಲ್ಲಿ ಹಾಗೆ ಇಂಗುವುದು ನೀರಲ್ಲ, ಸದ್ದು. ಸದ್ದಿನ ಜೊತೆಗೆ ದುಃಖ.

ಇದು ಯಾವ ಭೂಪಟದಲ್ಲೂ ಇಲ್ಲ. ಮೂರು ಕಡೆ ಗುಡ್ಡ. ತಳದಲ್ಲಿ ಪಾಚಿ, ಎಲ್ಲಿ ನೋಡಿದರೂ ಪಾಚಿ. ಮರದ ಬುಡ, ಕಲ್ಲು, ಬಿದ್ದ ಕೊಂಬೆ ಎಲ್ಲವೂ ಹಸಿರು ಹೊದ್ದು ಮಲಗಿವೆ. ಕಣಿವೆಯ ಬಾಯಲ್ಲಿ ಒಂದು ಗಡಿಕಲ್ಲು. ಅದನ್ನು ದಾಟಿದರೆ ನಿಮ್ಮ ಹೆಜ್ಜೆ ನಿಮಗೇ ಕೇಳುವುದಿಲ್ಲ. ಇನ್ನೂ ಹತ್ತು ಮಾರು ಒಳಗೆ ಹೋದರೆ ಎದೆ ಮೇಲೆ ಕೂತಿದ್ದ ಯಾರೋ ಎದ್ದು ಹೋದ ಹಾಗೆ ಆಗುತ್ತದೆ. ದೂರದಿಂದ ಜನ ಬರುತ್ತಾರೆ. ಬೆಳೆ ಹೋದವರು, ಮಗನನ್ನು ಕಳೆದುಕೊಂಡವರು. ಸ್ವಲ್ಪ ಹೊತ್ತು ಕೂರುತ್ತಾರೆ. ಎದ್ದು ಹೋಗುತ್ತಾರೆ.

ಮೊದಲ ಸಲ ಬರೆದಾಗ ಇಷ್ಟೇ ಇತ್ತು. ಬರೆದದ್ದು ಅಪ್ಪ ತೀರಿಕೊಂಡ ವರ್ಷ. ನಮ್ಮ ಮನೆ ಮುಂದೆ ಮುಖ್ಯ ರಸ್ತೆ. ಹಾರನ್ನು, ಫೋನು, ಬಂದವರ ಮಾತು, ಪಾತ್ರೆ ಸದ್ದು. ಹನ್ನೊಂದು ದಿನ ಮನೆಯಲ್ಲಿ ಒಂದು ಗಳಿಗೆ ಮೌನ ಇರಲಿಲ್ಲ. ಒಂದು ಗಂಟೆ ಸುಮ್ನೆ ಇರೋ ಜಾಗ ಸಿಕ್ಕರೆ ಸಾಕು ಅನಿಸಿತ್ತು. ಸಿಗಲಿಲ್ಲ, ಬರೆದೆ.

ಅದನ್ನು ಒಂದು ಶಾಲೆಯಲ್ಲಿ ಓದಿದೆ. ಓದಿ ಮುಗಿಸಿ, ಚಪ್ಪಾಳೆಗೆ ಕಾಯುತ್ತಾ ನಿಂತಿದ್ದೆ. ಆರನೇ ಕ್ಲಾಸಿನ ಒಬ್ಬಳು ಹುಡುಗಿ ಕೈ ಎತ್ತಿದಳು. 'ಸಾರ್, ಅಲ್ಲಿ ಪಾಪು ಅತ್ರೆ ಅಮ್ಮಂಗೆ ಹೆಂಗ್ ಗೊತ್ತಾಗುತ್ತೆ?'

ನನಗೆ ಉತ್ತರ ಗೊತ್ತಿರಲಿಲ್ಲ. ಆ ಪ್ರಶ್ನೆ ಹಿಡಿದುಕೊಂಡು ಎರಡು ವರ್ಷ ಸುತ್ತಿದ್ದೇನೆ. ಇವತ್ತು ಹೇಳುವುದು ಆ ಸುತ್ತಾಟದ ಕತೆ.

ಮೊದಲು ಸದ್ದಿನ ಲೆಕ್ಕ ಕಲಿಯೋಣ ಅಂದುಕೊಂಡೆ. ಕಲ್ಪನೆಯ ಲೋಕ ಅಂದಮಾತ್ರಕ್ಕೆ ಏನು ಬೇಕಾದರೂ ಬರೆಯಬಹುದು ಅಂತ ಅಲ್ಲ. ಒಂದು ಸುಳ್ಳು ಹೇಳಬಹುದು. ಅದರ ಸುತ್ತ ಇರುವ ಮಿಕ್ಕದ್ದೆಲ್ಲ ನಿಜ ಇರಬೇಕು. ಇಲ್ಲದಿದ್ದರೆ ಆರನೇ ಕ್ಲಾಸಿನವರು ಬಿಡುವುದಿಲ್ಲ.

ಸದ್ದು ಅಂದರೆ ಗಾಳಿಯ ಅಲುಗಾಟ. ಪಾಚಿ, ಹತ್ತಿ, ಕಂಬಳಿ, ಈಗತಾನೇ ಬಿದ್ದ ಹಿಮ, ಇವುಗಳಲ್ಲಿ ಸಣ್ಣ ಸಣ್ಣ ಪೊಳ್ಳುಗಳಿರುತ್ತವೆ. ಅಲುಗುವ ಗಾಳಿ ಅದರೊಳಗೆ ನುಗ್ಗಿ, ಉಜ್ಜಿ, ಸುಸ್ತಾಗಿ ನಿಲ್ಲುತ್ತದೆ. ಹಾಗೆ ನಿಂತ ಸದ್ದು ಮಾಯ ಆಗುವುದಿಲ್ಲ, ಬಿಸಿ ಆಗುತ್ತದೆ. ಎಷ್ಟು ಬಿಸಿ? ನಾವು ಮಾಮೂಲಾಗಿ ಮಾತಾಡುವಾಗ ಬಾಯಿಂದ ಹೊರಡುವ ಸದ್ದಿನ ಶಕ್ತಿ ಒಂದು ವಾಟಿನ ಲಕ್ಷದಲ್ಲೊಂದು ಪಾಲು. ನಾನು ಕೂತು ಲೆಕ್ಕ ಹಾಕಿದೆ. ಮಾತಿನಿಂದಲೇ ಒಂದು ಲೋಟ ಕಾಫಿ ಬಿಸಿ ಮಾಡಬೇಕೆಂದರೆ, ಒಂದು ಹನಿ ಬಿಸಿಯೂ ಪೋಲಾಗದ ಹಾಗೆ, 150 ವರ್ಷ ಬಿಡದೆ ಮಾತಾಡಬೇಕು. ಕಾಫಿ ಕುಡಿಯುತ್ತಾ ಮಾತಾಡುವುದೇ ಸುಲಭ.

ಇನ್ನೊಂದು ಸಂಗತಿ ನನ್ನ ಕಣಿವೆಗೆ ತುಂಬ ಮುಖ್ಯವಾಯಿತು. ತೆಳು ದನಿ ಬೇಗ ಇಂಗುತ್ತದೆ, ದಪ್ಪ ದನಿ ಅಷ್ಟು ಬೇಗ ಇಂಗುವುದಿಲ್ಲ. ಒಂದು ದನಿಯನ್ನು ಚೆನ್ನಾಗಿ ಹೀರಬೇಕೆಂದರೆ ಹೊದಿಕೆ ಅದರ ಅಲೆಯ ಉದ್ದದ ಕಾಲುಭಾಗದಷ್ಟು ದಪ್ಪ ಇರಬೇಕು. ಸೆಕೆಂಡಿಗೆ 100 ಸಲ ಕಂಪಿಸುವ ದನಿಯ ಅಲೆ ಸುಮಾರು ಮೂರೂವರೆ ಮೀಟರ್ ಉದ್ದ. ಅದನ್ನು ನುಂಗಲು 85 ಸೆಂಟಿಮೀಟರ್ ಪಾಚಿ ಬೇಕು, ಹೆಚ್ಚುಕಡಿಮೆ ಸೊಂಟದೆತ್ತರ. ಕೂಸಿನ ಅಳು ಸೆಕೆಂಡಿಗೆ 500ರ ಆಸುಪಾಸು. ಅದಕ್ಕೆ ಒಂದು ಗೇಣು ಪಾಚಿ ಸಾಕು.

ಅಂದರೆ ಏನಾಯಿತು? ಕಣಿವೆಗೆ ಕಾಲಿಟ್ಟರೆ ಮೊದಲು ಗೆಜ್ಜೆ ಸದ್ದು ಹೋಗುತ್ತದೆ. ಆಮೇಲೆ ಪಾಪು ಅಳು. ಕೊನೆಗೆ ಉಳಿಯುವುದು ಡೊಳ್ಳು. ಹುಡುಗಿ ಕೇಳಿದ ಪ್ರಶ್ನೆ ಇದರಿಂದ ಸುಲಭವಾಗಲಿಲ್ಲ, ಕಷ್ಟವಾಯಿತು. ಎಲ್ಲಕ್ಕಿಂತ ಮೊದಲು ಕೇಳಬೇಕಾದದ್ದೇ ಬೇಗ ಇಂಗುತ್ತಿತ್ತು.

ಇಂಥ ಕೋಣೆಗಳನ್ನು ಮನುಷ್ಯರು ಕಟ್ಟಿದ್ದಾರೆ. ಗೋಡೆ, ಸೂರು, ನೆಲ, ಎಲ್ಲ ಕಡೆ ಚೂಪು ಚೂಪಾದ ಫೋಮು. ಅಮೆರಿಕದ ರೆಡ್ಮಂಡ್‌ನಲ್ಲಿ ಮೈಕ್ರೋಸಾಫ್ಟ್‌ನವರ ಒಂದು ಕೋಣೆಯಲ್ಲಿ 2015ರಲ್ಲಿ ಅಳೆದಾಗ ಮೈನಸ್ 20.35 ಡೆಸಿಬೆಲ್ ಸಿಕ್ಕಿತು. ಸೊನ್ನೆ ಅಂದರೆ ನಮ್ಮ ಕಿವಿಗೆ ಕೇಳುವ ಅತಿ ಸಣ್ಣ ಸದ್ದು. ಅದಕ್ಕಿಂತ ಅಷ್ಟು ಕೆಳಗೆ. ಅಂಥ ಕಡೆ ನಿಂತವರಿಗೆ ತಮ್ಮ ಎದೆಬಡಿತ, ಹೊಟ್ಟೆಯ ಗುಡುಗುಡು ಎಲ್ಲ ಕೇಳತೊಡಗುತ್ತದೆ. ಸಂಗೀತಗಾರ ಜಾನ್ ಕೇಜ್ 1951ರ ಹೊತ್ತಿಗೆ ಹಾರ್ವರ್ಡ್ ವಿಶ್ವವಿದ್ಯಾಲಯದ ಇಂಥದೇ ಕೋಣೆಗೆ ಹೋಗಿದ್ದರು. ಮೌನ ಕೇಳಲು ಹೋದವರಿಗೆ ಎರಡು ದನಿ ಕೇಳಿದವು. ಎರಡೂ ತಮ್ಮ ಮೈಯದೇ ಎಂದು ಆಮೇಲೆ ತಿಳಿಯಿತು. ಹೊರಗಿನದನ್ನೆಲ್ಲ ಹೀರಿದರೆ ಒಳಗಿನದು ದೊಡ್ಡದಾಗುತ್ತದೆ. ದುಃಖದಲ್ಲಿ ಇರುವವರನ್ನು ಅಲ್ಲಿ ಕೂರಿಸಿದರೆ? ನನಗೆ ಅಲ್ಲೇ ಸಂಶಯ ಶುರುವಾಯಿತು.

ಇದರ ಉಲ್ಟಾ ಜಾಗ ನಮ್ಮಲ್ಲೇ ಇದೆ. ವಿಜಯಪುರದ ಗೋಲ್ ಗುಂಬಜ್. 1656ರಲ್ಲಿ ತೀರಿಕೊಂಡ ಮೊಹಮ್ಮದ್ ಆದಿಲ್ ಶಾಹನ ಗೋರಿ. ಗುಮ್ಮಟದ ಒಳಗಿನ ಅಗಲ ಸುಮಾರು 38 ಮೀಟರ್. ಗಟ್ಟಿ ಗಾರೆಯ ಮೈ ಸದ್ದನ್ನು ಹೀರುವುದೇ ಇಲ್ಲ, ವಾಪಸ್ ಕಳಿಸುತ್ತದೆ. ಒಂದು ಚಪ್ಪಾಳೆಗೆ ಏಳು ಮರುದನಿ ಎಂದು ಗೈಡ್‌ಗಳು ಎಣಿಸಿ ತೋರಿಸುತ್ತಾರೆ. ಈ ಕಡೆ ಪಿಸುಗುಟ್ಟಿದ್ದು ಆ ಕಡೆಯ ಗೋಡೆಗೆ ಕಿವಿ ಇಟ್ಟವರಿಗೆ ಕೇಳುತ್ತದೆ. ಅದು ಸಾವಿನ ಮನೆ. ಅಲ್ಲಿ ಹೋದ ನಾವೆಲ್ಲ ಏನು ಮಾಡುತ್ತೇವೆ? ಕೂಗುತ್ತೇವೆ, ನಮ್ಮ ಕೂಗು ಕೇಳಿ ನಗುತ್ತೇವೆ. ಶಾಲೆಯ ಟೂರಿನಲ್ಲಿ ನಾನು ಅಲ್ಲಿ ನನ್ನ ಹೆಸರನ್ನೇ ಕೂಗಿ ಮೇಷ್ಟ್ರ ಕೈಲಿ ಬೈಸಿಕೊಂಡೆ. ಗೋರಿ ಅಂತ ನೆನಪಾಗಿದ್ದು ಬಸ್ಸು ಹತ್ತಿದ ಮೇಲೆ.

ಆಮೇಲೆ ಹಳೆಯ ಕಲ್ಪನೆಗಳ ಕಡೆ ಹೋದೆ. ನನಗಿಂತ ಮುಂಚೆ ಇಂಥ ಜಾಗ ಕಟ್ಟಿದವರು ಮಗುವಿನ ಪ್ರಶ್ನೆಗೆ ಏನು ಮಾಡಿದ್ದಾರೆ ನೋಡೋಣ ಅಂತ.

ರೋಮಿನ ಕವಿ ಓವಿಡ್ ಎರಡು ಸಾವಿರ ವರ್ಷದ ಹಿಂದೆ ನಿದ್ದೆಯ ದೇವರಿಗೆ ಒಂದು ಮನೆ ಕಟ್ಟಿದ್ದಾನೆ. ಬೆಟ್ಟದ ಪೊಟರೆಯಲ್ಲಿ, ಬಿಸಿಲು ಕಾಣದ ಕಡೆ. ಅಲ್ಲಿ ಕೋಳಿ ಕೂಗುವುದಿಲ್ಲ, ನಾಯಿ ಬೊಗಳುವುದಿಲ್ಲ, ಕೊಂಬೆ ಅಲ್ಲಾಡುವುದಿಲ್ಲ. ಮುಂದೆ ಗಸಗಸೆ ಗಿಡ ಹೂ ಬಿಟ್ಟು ನಿಂತಿವೆ. ಇಡೀ ಮನೆಗೆ ಒಂದೇ ಒಂದು ಬಾಗಿಲಿಲ್ಲ. ಯಾಕೆ ಹೇಳಿ? ಕೀಲು ಕಿರ್ ಅಂದರೆ ಅಂತ! ಇದನ್ನು ಓದಿದಾಗ ನನಗೆ ಹೊಟ್ಟೆಕಿಚ್ಚಾಯಿತು. ಮೌನವನ್ನು ಹೇಳಲು ಅವನು ಮೌನ ಮೌನ ಎಂದು ಬರೆಯುತ್ತಾ ಕೂರಲಿಲ್ಲ. ಬಾಗಿಲು ಕಿತ್ತುಹಾಕಿದ, ಮುಗಿಯಿತು.

ಆದರೂ ಅವನು ಒಂದು ಸದ್ದು ಉಳಿಸಿಕೊಂಡಿದ್ದಾನೆ. ಬಂಡೆಯ ಬುಡದಿಂದ ಮರೆವಿನ ಹೊಳೆ ಹರಿಯುತ್ತದೆ, ಗ್ರೀಕರ ಲೀತೆ. ಹರಳು ಕಲ್ಲುಗಳ ಮೇಲೆ ಅದರ ಜುಳುಜುಳು ನಿದ್ದೆ ಕರೆಯುತ್ತದೆ. ಆ ಹೊಳೆಯ ನೀರು ಕುಡಿದರೆ ಹಿಂದಿನದೆಲ್ಲ ಮರೆತುಹೋಗುತ್ತದೆ ಎನ್ನುವುದು ಅವರ ನಂಬಿಕೆ. ದುಃಖ ಹೋಗುತ್ತದೆ, ಸರಿ. ಜೊತೆಗೆ ಯಾರಿಗಾಗಿ ದುಃಖವೋ ಅವರೂ ಹೋಗುತ್ತಾರೆ. ಅಪ್ಪ ಸತ್ತ ನೋವು ಹೋಗಲಿ ಅಂತ ಅಪ್ಪನನ್ನೇ ಮರೆಯಲು ನಾನು ತಯಾರಿರಲಿಲ್ಲ. ಲೀತೆಯನ್ನು ಕೈಬಿಟ್ಟೆ.

ಅಷ್ಟು ಮೌನದ ಮನೆಯಿಂದ ಕತೆಯಲ್ಲಿ ಹೊರಡುವುದು ಏನು ಗೊತ್ತಾ? ಸಾವಿನ ಸುದ್ದಿ. ಗಂಡ ಹಡಗು ಮುಳುಗಿ ಸತ್ತದ್ದು ಗೊತ್ತಿಲ್ಲದೆ ಆಲ್ಸಿಯೋನಿ ಎಂಬವಳು ಅವನಿಗಾಗಿ ದಿನಾ ಹರಕೆ ಹೊರುತ್ತಿರುತ್ತಾಳೆ. ನಿದ್ದೆಯ ದೇವರು ತನ್ನ ಮಗನನ್ನು ಆ ಗಂಡನ ರೂಪದಲ್ಲಿ, ಗಡ್ಡದಿಂದ ನೀರು ತೊಟ್ಟಿಕ್ಕುವ ಹಾಗೆ, ಅವಳ ಕನಸಿಗೆ ಕಳಿಸುತ್ತಾನೆ. ಹೋಗುವಾಗ ಅವನ ರೆಕ್ಕೆಯೂ ಸದ್ದು ಮಾಡುವುದಿಲ್ಲ. ಅವಳು ಮಾತ್ರ ಎದ್ದು ಗೋಳಾಡುತ್ತಾಳೆ.

ನಮ್ಮ ಕಡೆ ಬಂದರೆ ಅಶೋಕ ಮರ. ಹೆಸರೇ ಶೋಕ ಇಲ್ಲದ್ದು ಅಂತ. ಆ ಹೆಸರಿನ ವನದಲ್ಲೇ ಸೀತೆ ಕೂತು ಅತ್ತಳು, ಅದು ಎಲ್ಲರಿಗೂ ಗೊತ್ತು. ನನ್ನನ್ನು ಹಿಡಿದು ನಿಲ್ಲಿಸಿದ್ದು ದಮಯಂತಿ. ನಳ ಅವಳ ಅರ್ಧ ಸೀರೆ ಕತ್ತರಿಸಿಕೊಂಡು ಕಾಡಿನಲ್ಲಿ ಬಿಟ್ಟು ಹೋಗಿದ್ದಾನೆ. ಅಲೆಯುತ್ತಾ ಅವಳು ಹೂ ತುಂಬಿದ ಅಶೋಕದ ಮುಂದೆ ಬಂದು ನಿಲ್ಲುತ್ತಾಳೆ. ನನ್ನ ಶೋಕ ಕಳೆದು ನಿನ್ನ ಹೆಸರು ನಿಜ ಮಾಡು ಎಂದು ಕೇಳಿಕೊಳ್ಳುತ್ತಾಳೆ. ಮರ ಏನೂ ಹೇಳುವುದಿಲ್ಲ. ಮೂರು ಸುತ್ತು ಬಂದು ಮುಂದೆ ಹೋಗುತ್ತಾಳೆ. ಮಹಾಭಾರತದಲ್ಲಿ ಎಷ್ಟೋ ಮರ, ಹಕ್ಕಿ, ಹಾವು ಮಾತಾಡುತ್ತವೆ. ಈ ಮರ ಮಾತಾಡಲಿಲ್ಲ.

ಒಂದು ಅಡ್ಡ ಮಾತು. ನಮ್ಮ ಕಾಂಪೌಂಡುಗಳಲ್ಲಿ ಕಂಬದ ಹಾಗೆ ನೆಟ್ಟಗೆ ನಿಂತಿರುತ್ತದಲ್ಲ, ಅದನ್ನೂ ಅಶೋಕ ಎನ್ನುತ್ತೇವೆ. ಅದು ಬೇರೆ ಮರ. ಅದನ್ನು ರಸ್ತೆ ಪಕ್ಕ ಸದ್ದು ತಡೆಯಲಿ ಅಂತಲೇ ಎಷ್ಟೋ ಕಡೆ ನೆಡುತ್ತಾರೆ. ನಿಜವಾದ ಅಶೋಕ ದುಃಖಕ್ಕೆ, ಸುಳ್ಳು ಅಶೋಕ ಸದ್ದಿಗೆ! ಒಂದು ಸಾಲು ಮರ ಹಾರನ್ನು ಹೆಚ್ಚೇನೂ ತಡೆಯುವುದಿಲ್ಲ. ನಮ್ಮ ಮನೆ ಮುಂದೆ ಎಂಟು ಇವೆ.

ದುಃಖ ಹೀರಿದ ಜಾಗ ಏನಾಗುತ್ತದೆ ಅನ್ನುವುದಕ್ಕೆ ಉತ್ತರ ಸಿಕ್ಕಿದ್ದು ಒಂದು ತಮಿಳು ಜನಪದ ಕತೆಯಲ್ಲಿ. ಮೈಸೂರಿನವರಾದ ಎ.ಕೆ. ರಾಮಾನುಜನ್ ತಮ್ಮ ಸಂಗ್ರಹದಲ್ಲಿ ಕೊಟ್ಟಿದ್ದಾರೆ. ಒಬ್ಬಳು ವಿಧವೆ. ಇಬ್ಬರು ಗಂಡುಮಕ್ಕಳು, ಇಬ್ಬರು ಸೊಸೆಯರು. ನಾಲ್ವರೂ ಬೈಯುವವರೇ. ಹೇಳಿಕೊಳ್ಳಲು ಯಾರೂ ಇಲ್ಲ. ಹೇಳದ ದುಃಖ ಒಳಗೇ ಉಳಿದು ಅವಳು ದಪ್ಪ ಆಗುತ್ತಾ ಹೋಗುತ್ತಾಳೆ. ಒಂದು ದಿನ ಊರಾಚೆ ಸೂರಿಲ್ಲದ ಪಾಳುಮನೆ ಸಿಗುತ್ತದೆ. ದೊಡ್ಡ ಮಗ ಮಾಡಿದ್ದನ್ನು ಒಂದು ಗೋಡೆಗೆ ಹೇಳುತ್ತಾಳೆ. ಆ ಭಾರಕ್ಕೆ ಗೋಡೆ ಕುಸಿಯುತ್ತದೆ. ಅವಳ ಮೈ ಅಷ್ಟು ಹಗುರ. ಇನ್ನೊಬ್ಬರದು ಇನ್ನೊಂದು ಗೋಡೆಗೆ. ನಾಲ್ಕು ಗೋಡೆ ಬಿದ್ದ ಮೇಲೆ ಹಗುರಾಗಿ ಮನೆಗೆ ಹೋಗುತ್ತಾಳೆ.

ಈ ಕತೆ ಕಟ್ಟಿದವರು ಲೆಕ್ಕ ಗೊತ್ತಿದ್ದವರು. ಅವಳಿಂದ ಹೋದದ್ದು ಗೋಡೆಗೆ ಹೋಯಿತು. ಒಂದು ಗೋಡೆಗೆ ಒಬ್ಬರ ಕಾಟ, ಅಷ್ಟೇ ತಾಳಿಕೆ. ನನ್ನ ಮೊದಲ ಕಣಿವೆಯಲ್ಲಿ ಈ ಲೆಕ್ಕವೇ ಇರಲಿಲ್ಲ. ಸಾವಿರ ಜನ ಬಂದು ದುಃಖ ಇಳಿಸಿ ಹೋಗುತ್ತಾರೆ, ಪಾಚಿ ಹಸಿರಾಗೇ ಇರುತ್ತದೆ! ಇಂಗುಗುಂಡಿಯ ನೀರು ಎಲ್ಲಿಗೆ ಹೋಗುತ್ತದೆ ಅಂತ ಯಾವ ತೋಟದವರನ್ನು ಕೇಳಿದರೂ ಹೇಳುತ್ತಾರೆ, ಕೆಳಗಿನವರ ಬಾವಿಗೆ ಅಂತ. ಹಾಗಾಗಿ ಕಣಿವೆಯ ಕೆಳಗೆ ಒಂದು ಊರು ಬಂತು. ಅಲ್ಲಿನ ಬಾವಿಯ ನೀರು ಸಿಹಿ. ನಡು ಬೇಸಿಗೆಯಲ್ಲೂ ಬತ್ತದು. ಆ ಊರಿನವರು ಮಾತ್ರ ಮಧ್ಯರಾತ್ರಿ ಎದ್ದು ಕೂತು ಅಳುತ್ತಾರೆ. ಯಾಕೆ ಅಂತ ಅವರಿಗೆ ಗೊತ್ತಿಲ್ಲ. ತಮಗೆ ಪರಿಚಯವೇ ಇಲ್ಲದವರ ಹೆಸರು ಹಿಡಿದು ಅಳುತ್ತಾರೆ.

ಇಲ್ಲಿಗೆ ನನಗೆ ಕತೆ ಸಿಕ್ಕಿತು. ಪಾಪುವಿನ ಪ್ರಶ್ನೆ ಹಾಗೇ ಇತ್ತು.

ಬೀಸುವ ಕಲ್ಲಿನ ಪದಗಳನ್ನು ಕೇಳಿದವರು ಇಲ್ಲಿದ್ದೀರಾ? ಕೈ ಎತ್ತಿ. ಪರವಾಗಿಲ್ಲ, ಐದಾರು ಜನ ಇದ್ದೀರಿ. ಬೆಳಕು ಹರಿಯುವ ಮುಂಚೆ, ಮನೆಯವರೆಲ್ಲ ಮಲಗಿದ್ದಾಗ, ಹೆಂಗಸರು ರಾಗಿ ಬೀಸುತ್ತಾ ಹಾಡುತ್ತಿದ್ದರು. ಕಲ್ಲನ್ನು 'ಕಲ್ಲವ್ವ' ಎಂದು ಕರೆಯುತ್ತಿದ್ದರು. ತವರಿನ ನೆನಪು, ಅತ್ತೆಯ ಕಾಟ, ಹೇಳಬಾರದ್ದೆಲ್ಲ ಅಲ್ಲಿ ಬರುತ್ತಿತ್ತು. ಗಮನಿಸಿ, ಕಲ್ಲು ಸದ್ದು ಹೀರುವುದಿಲ್ಲ. ಗುರುಗುರು ಅಂತ ತಾನೇ ಸದ್ದು ಮಾಡುತ್ತದೆ. ಆ ಸದ್ದಿನ ಮರೆಯಲ್ಲಿ ಹೇಳಿಕೊಳ್ಳಬಹುದಿತ್ತು. ಸಾವಿನ ಮನೆಯಲ್ಲೂ ನಮ್ಮ ಹೆಂಗಸರು ಸತ್ತವರ ಗುಣ ಹೇಳಿ ಹಾಡಿ ಅಳುತ್ತಾರೆ. ದುಃಖ ಇಳಿಯುವುದು ಮೌನದಲ್ಲಿ ಅಂತ ನನಗೆ ಯಾರು ಹೇಳಿದ್ದು? ಯಾರೂ ಹೇಳಿರಲಿಲ್ಲ. ಹಾರನ್ನಿನ ಸಿಟ್ಟಿಗೆ ನಾನೇ ಅಂದುಕೊಂಡಿದ್ದೆ.

ಈಗ ಮತ್ತೆ ಹಾರ್ವರ್ಡಿಗೆ ಹೋಗಬೇಕು. ಕೇಜ್ ಹೋದದ್ದಕ್ಕಿಂತ ಐವತ್ತಾರು ವರ್ಷ ಹಿಂದೆ, 1895ರಲ್ಲಿ. ಅಲ್ಲಿನ ಫಾಗ್ ಮ್ಯೂಸಿಯಂನ ಹೊಸ ಉಪನ್ಯಾಸದ ಹಾಲಿನಲ್ಲಿ ಮೇಷ್ಟ್ರು ಹೇಳಿದ ಒಂದು ಮಾತು ಐದೂವರೆ ಸೆಕೆಂಡು ಗುಂಯ್ ಅನ್ನುತ್ತಿತ್ತು. ಒಂದು ವಾಕ್ಯದ ಮೇಲೆ ಇನ್ನೊಂದು ಬಿದ್ದು ಏನೂ ತಿಳಿಯುತ್ತಿರಲಿಲ್ಲ. ನಮ್ಮ ಎಷ್ಟೋ ಕಲ್ಯಾಣ ಮಂಟಪಗಳ ಹಾಗೆ. ಇದನ್ನು ಸರಿಮಾಡಿ ಎಂದು ವಾಲೇಸ್ ಸೇಬಿನ್ ಎಂಬ ಇಪ್ಪತ್ತೇಳು ವರ್ಷದ ಭೌತಶಾಸ್ತ್ರದ ಮೇಷ್ಟ್ರಿಗೆ ಹೇಳಿದರು. ಅವರ ಹತ್ತಿರ ಇದ್ದದ್ದು ಆರ್ಗನ್ ಎಂಬ ವಾದ್ಯದ ಒಂದು ಕೊಳವೆ, ಒಂದು ಸ್ಟಾಪ್‌ವಾಚ್, ಎರಡು ಕಿವಿ. ಪಕ್ಕದ ಸ್ಯಾಂಡರ್ಸ್ ಥಿಯೇಟರಿನಿಂದ ಕುರ್ಚಿಯ ದಿಂಬುಗಳನ್ನು ರಾತ್ರಿ ಹೊತ್ತು ತರುವುದು, ಜೋಡಿಸುವುದು, ಸದ್ದು ಎಷ್ಟು ಹೊತ್ತು ಉಳಿಯಿತು ಅಳೆಯುವುದು, ಬೆಳಗಾಗುವುದರೊಳಗೆ ವಾಪಸ್ ಇಡುವುದು. ರಾತ್ರಿಯೇ ಯಾಕೆಂದರೆ ಹಗಲು ಬೀದಿ ಸದ್ದು. ಈ ದಿಂಬಿನ ಮೆರವಣಿಗೆಯಿಂದ ಕಟ್ಟಡಗಳ ಸದ್ದಿನ ವಿಜ್ಞಾನ ಹುಟ್ಟಿತು. ಹೀರುವ ಶಕ್ತಿಯ ಅಳತೆಗೆ ಅವರದೇ ಹೆಸರಿದೆ.

ಅವರು ಹೀರುವಿಕೆಯನ್ನು ಹೋಲಿಸಿದ್ದು ತೆರೆದ ಕಿಟಕಿಗೆ. ತೆರೆದ ಕಿಟಕಿಯಿಂದ ಹೊರಗೆ ಹೋದ ಸದ್ದು ವಾಪಸ್ ಬರುವುದಿಲ್ಲವಲ್ಲ, ಅದೇ ಪೂರ್ತಿ ಹೀರುವಿಕೆ. ನನಗೆ ಇದಕ್ಕಿಂತ ಹಿಡಿಸಿದ್ದು ಇನ್ನೊಂದು ಅಳತೆ. ಒಬ್ಬ ಮನುಷ್ಯ ಒಳಗೆ ಬಂದು ಕೂತರೆ ಎಷ್ಟು ಸದ್ದು ಇಂಗುತ್ತದೆ? ಸುಮಾರು ಆರು ದಿಂಬಿನಷ್ಟು.

ಒಬ್ಬರಿಗೆ ಆರು ದಿಂಬು. ನಾನು ಇದನ್ನು ಓದಿ ಪುಸ್ತಕ ಮಡಚಿ ಇಟ್ಟೆ.

ಅಪ್ಪ ಹೋದಾಗ ಮಣ್ಣಿಗೆ ಬಂದವರು, ಆಮೇಲೆ ಮಾತಾಡಿಸಲು ಬಂದವರು ಏನು ಮಾಡಿದರು? ಹೆಚ್ಚಿನವರು ಏನೂ ಮಾಡಲಿಲ್ಲ. ಒಳಗೆ ಬಂದರು, ಚಾಪೆ ಮೇಲೆ ಕೂತರು. 'ಏನ್ಮಾಡೋಕಾಗುತ್ತೆ' ಅಂದರು. ಅಮ್ಮ ಅದೇ ಕತೆಯನ್ನು ಮತ್ತೆ ಹೇಳಿದಳು. ರಾತ್ರಿ ಊಟ ಮಾಡಿದ್ದರು, ಮಜ್ಜಿಗೆ ಕೇಳಿದರು, ನಾನು ಲೋಟ ತೊಳೆಯುತ್ತಿದ್ದೆ. ಕೂತವರು ಹೂಂ ಅಂದರು. ಇನ್ನೊಬ್ಬರು ಬಂದರು. ಮತ್ತೆ ಮಜ್ಜಿಗೆ. ಮತ್ತೆ ಹೂಂ. ನನಗೆ ಆಗ ಸಿಟ್ಟು ಬರುತ್ತಿತ್ತು, ಎಷ್ಟು ಸಲ ಹೇಳಿಸುತ್ತಾರೆ ಅಂತ. ಹನ್ನೊಂದನೇ ದಿನದ ಹೊತ್ತಿಗೆ ಅಮ್ಮ ಮಜ್ಜಿಗೆ ಜಾಗಕ್ಕೆ ಬಂದಾಗ ಅಳಲಿಲ್ಲ. ಮಜ್ಜಿಗೆಗೆ ಉಪ್ಪು ಜಾಸ್ತಿ ಆಗಿತ್ತು ಅಂತ ಬೈದರು ಎಂದು ಸೇರಿಸಿದಳು. ಅದು ಹೊಸ ಸಂಗತಿ. ಅದುವರೆಗೆ ಹೇಳಿರಲಿಲ್ಲ.

ಹಾಗಾದರೆ ನನ್ನ ಕಣಿವೆ ತಪ್ಪು. ಅಲ್ಲಿ ಹೇಳಿದ್ದು ಯಾರಿಗೂ ಕೇಳುವುದಿಲ್ಲ. ಹೂಂ ಅಂದರೆ ಆ ಹೂಂ ಕೂಡ ಪಾಚಿಗೆ. ಕಣಿವೆಯನ್ನು ಬಿಟ್ಟುಬಿಡೋಣ ಅಂತ ತೀರ್ಮಾನ ಮಾಡಿಯೂ ಆಗಿತ್ತು.

ನಮ್ಮ ರಸ್ತೆಯಲ್ಲಿ ಬಟ್ಟೆ ಹೊಲಿಯುವ ದಂಪತಿ ಇದ್ದಾರೆ. ಇಬ್ಬರಿಗೂ ಕಿವಿ ಕೇಳುವುದಿಲ್ಲ. ಅಂಗಿಯ ತೋಳು ಚಿಕ್ಕದು ಮಾಡಿಸಲು ಹೋಗಿದ್ದೆ. ಪಕ್ಕದಲ್ಲಿ ತೊಟ್ಟಿಲು, ತೊಟ್ಟಿಲಲ್ಲಿ ನಾಲ್ಕೈದು ತಿಂಗಳ ಕೂಸು. ಆಕೆ ನನಗೆ ಬೆನ್ನು ಹಾಕಿ ಮಷಿನ್ ತುಳಿಯುತ್ತಿದ್ದರು. ಕೂಸು ಮುಖ ಸಿಂಡರಿಸಿ ಕಾಲು ಒದರಿತು. ಬಾಯಿ ತೆರೆಯುವುದರೊಳಗೆ ಆಕೆ ತಿರುಗಿದ್ದರು. ತೊಟ್ಟಿಲಿಗೆ ಕಟ್ಟಿದ ದಾರದ ಇನ್ನೊಂದು ತುದಿ ಆಕೆಯ ಕಾಲುಂಗುರಕ್ಕೆ ಸುತ್ತಿತ್ತು.

ನಾನು ಪೆದ್ದನ ಹಾಗೆ ನಿಂತೆ. ಲೋಕದಲ್ಲಿ ಕಿವಿ ಕೇಳದ ಎಷ್ಟೋ ಅಮ್ಮಂದಿರು ಮಕ್ಕಳನ್ನು ಸಾಕುತ್ತಿದ್ದಾರೆ. ಪಾಪು ಅತ್ತರೆ ಲೈಟು ಹೊತ್ತಿಕೊಳ್ಳುವ ಯಂತ್ರಗಳೂ ಬಂದಿವೆ. ಯಂತ್ರ ಇಲ್ಲದವರು ಮಗುವಿನ ಎದೆ ಮೇಲೆ ಕೈ ಇಟ್ಟು ಮಲಗುತ್ತಾರೆ. ಅವರು ದಿನಾ ಬದುಕುತ್ತಿರುವುದನ್ನು ನಾನು ರೋಮಿನಲ್ಲಿ ಹುಡುಕುತ್ತಿದ್ದೆ.

ಈಗ ಕಣಿವೆಯ ಗಡಿಕಲ್ಲಿನ ಹತ್ತಿರ ಒಬ್ಬಳು ಮುದುಕಿ ಇದ್ದಾಳೆ. ಕೆಳಗಿನ ಊರಿನವಳು, ಹುಟ್ಟಿದಾಗಿನಿಂದ ಕಿವಿ ಕೇಳುವುದಿಲ್ಲ. ಊರಿನಲ್ಲಿ ಅವಳನ್ನು ಯಾರೂ ಮಾತಾಡಿಸುತ್ತಿರಲಿಲ್ಲ. ಕಣಿವೆಯಲ್ಲಿ ಮಾತ್ರ ಎಲ್ಲರಿಗೂ ಅವಳೇ ಬೇಕು. ಗಡಿ ದಾಟಿದವರ ಬಾಯಿ, ಹುಬ್ಬು, ಕೈ ನೋಡಿ ಅವಳಿಗೆ ಎಲ್ಲ ತಿಳಿಯುತ್ತದೆ. ಎದುರಿಗೆ ಕೂರುತ್ತಾಳೆ. ತಲೆ ಆಡಿಸುತ್ತಾಳೆ. ಅವಳು ಕೂತ ಕಡೆ ಪಾಚಿ ಸೊಂಟದೆತ್ತರ, ಡೊಳ್ಳೂ ಕೇಳದಷ್ಟು ದಪ್ಪ. ಅವಳು ಕೇಳಿಸಿಕೊಂಡ ದುಃಖ ಬಾವಿಗೆ ಇಳಿಯುವುದಿಲ್ಲ. ಅವಳಿಲ್ಲದ ದಿನ ಬಂದವರದು ಮಾತ್ರ ಇಳಿಯುತ್ತದೆ. ಈಗ ಅವಳಿಗೆ ವಯಸ್ಸಾಗುತ್ತಿದೆ. ಕತೆ ಅಲ್ಲಿಗೆ ಬಂದು ನಿಂತಿದೆ.

ದಾರವನ್ನೂ ಸೇರಿಸಿದ್ದೇನೆ. ಕಣಿವೆಯ ಒಳಗೆ ಮೂರು ಮನೆಗಳಿವೆ. ಮೂರಕ್ಕೂ ಬಾಗಿಲಿದೆ. ಕೀಲು ಕಿರ್ ಅಂದರೂ ಏನೂ ತೊಂದರೆಯಿಲ್ಲವಲ್ಲ. ಅಲ್ಲಿನ ಹೆಂಗಸರ ಕಾಲಲ್ಲಿ ಗೆಜ್ಜೆ ಇಲ್ಲ, ದಾರ ಇದೆ.

ನನ್ನ ಮಾತು ಇಷ್ಟೇ. ಪ್ರಶ್ನೆ ಇದ್ದರೆ ಕೇಳಿ.

(ಹಿಂದಿನ ಸಾಲಿನಲ್ಲಿ ಕೂತಿದ್ದ ಹಿರಿಯರೊಬ್ಬರು ಎದ್ದರು. 'ಸದ್ದು ಇಂಗುತ್ತೆ, ದುಃಖ ಇಂಗುತ್ತೆ ಅಂದ್ರಿ. ಸರಿ. ನಗು ಏನಾಗುತ್ತೆ? ಅದೂ ಸದ್ದೇ ಅಲ್ವಾ?'

ನನಗೆ ಅದು ಹೊಳೆದೇ ಇರಲಿಲ್ಲ. ಪಾಚಿಗೆ ಅಳು ನಗುವಿನ ಭೇದ ಗೊತ್ತಿರಲು ಸಾಧ್ಯವಿಲ್ಲ. ಇಂಗಲೇಬೇಕು. ಹಾಗಾದರೆ ಕೆಳಗಿನ ಊರಿನವರು ಕೆಲವು ರಾತ್ರಿ ಸುಮ್ಮಸುಮ್ಮನೆ ಎದ್ದು ನಗುತ್ತಲೂ ಇರಬೇಕು. ನೋಟ್‌ಬುಕ್ ತೆಗೆದು ಬರೆದುಕೊಂಡೆ. ಅಷ್ಟರಲ್ಲಿ ಕಾಫಿ ಬಂತು.)